ಬ್ರೆಫೊನ ಊರುಗೋಲು

ನಂಬಿ, ಬಿಡಿ... ದೀಪ ಮಾತ್ರ ಆರಿಸಬೇಡಿ. ಇದು ನಮ್ಮ ಪಕ್ಕದ ಮನೆಯ ಎಜಿರನಿಗೆ ಆದದ್ದು.

ಅವತ್ತು ಎಜಿರ್ ಹೆಂಡದಂಗಡಿಯಿಂದ ಹೊರಟಾಗ ಊರೆಲ್ಲ ಮಲಗಿತ್ತು. ಕುಡಿದದ್ದು ಒಂದೇ ಲೋಟ, ಅಂಗಡಿಯವಳನ್ನೇ ಕೇಳಿ. ಕೋಟೆಯ ಬಾವಿ ದಾಟಿದರೆ ಮನೆ. ಬಾವಿಯ ಪಕ್ಕದಲ್ಲೇ ಸಾಹುಕಾರ ಬ್ರೆಫೊನ ಕಂಚಿನ ಪ್ರತಿಮೆ. ಜನರನ್ನು ಹಿಡಿದು ಹಡಗಿನವರಿಗೆ ಮಾರಿ ದೊಡ್ಡವನಾದ ಮನುಷ್ಯ. ಕೆಳಗಿನ ಕಲ್ಲಿನಲ್ಲಿ ಮಾತ್ರ ‘ಊರಿನ ತಂದೆ’ ಅಂತ ಕೆತ್ತಿದ್ದಾರೆ. ಬಲಗೈಯಲ್ಲಿ ಊರುಗೋಲು. ಎಜಿರ್ ಆ ಬ್ರೆಫೊನ ಅಕ್ಕನ ಸಂತತಿ, ಅದರ ಜಂಬ ಬೇರೆ.

ಬೆಳಿಗ್ಗೆ ಆ ಪ್ರತಿಮೆಯ ಮುಂದೆಯೇ ಅವನೊಂದು ಕೆಟ್ಟ ಕೆಲಸ ಮಾಡಿದ್ದ. ಮನೆ ಯಾರಿಗೆ ಅನ್ನುವ ಜಗಳ. ನಮ್ಮ ಫಾಂಟಿ ಜನರಲ್ಲಿ ಮನೆ ಹೆಣ್ಣಿನ ಕಡೆಯಿಂದ ಇಳಿಯುತ್ತದೆ. ಸತ್ತ ತಂಗಿಯ ಒಬ್ಬಳೇ ಮಗಳು, ಏಳು ವರ್ಷದ ಎಫುವಾಗೇ ಇಡೀ ಮನೆ ಸೇರಬೇಕು ಅಂತ ಎಜಿರನ ಹಟ. ಅದೇ ಮನೆಯಲ್ಲಿ ಹುಟ್ಟಿ, ಮೀನು ಹೊಗೆಗಿಟ್ಟು ಮಾರಿ ಬದುಕುವವಳು ಅಬಾ. ವರಸೆಯಲ್ಲಿ ಅವನಿಗೆ ತಂಗಿ.

“ನನ್ನ ಮಕ್ಕಳಿಗೆ ಒಂದು ಕೋಣೇನೂ ಇಲ್ವಾ ಅಣ್ಣ?” ಅಂದಳು.

“ನಿನಗೆಂಥ ಕೋಣೆಯೇ? ನಿನ್ನ ಮುತ್ತಜ್ಜೀನ ಇವನು ಒಂದು ಪೀಪಾಯಿ ಕೋವಿಮದ್ದು ಕೊಟ್ಟು ತಂದಿದ್ದು! ನೀನು ಬ್ರೆಫೊನ ಮಾಲು!”

ನಮ್ಮಲ್ಲಿ ಯಾರ ಮೂಲವನ್ನೂ ಯಾರೂ ಬಾಯಿಬಿಟ್ಟು ಹೇಳುವಂತಿಲ್ಲ. ಕೊಂಡು ತಂದವರೂ ಮನೆಯವರೇ. ಬಾಯಿ ತಪ್ಪಿ ಅಂದರೆ, ಹೊತ್ತು ಮುಳುಗುವುದರೊಳಗೆ ಕುರಿ ಕಡಿದು ಮಾತು ಹಿಂದಕ್ಕೆ ತೆಗೆದುಕೊಳ್ಳಬೇಕು.

“ಕುರಿ ತಾರೋ, ಎಜಿರ್,” ಮುದುಕಿ ಬೊಟ್ವೆ ಅಂಗಲಾಚಿದಳು. “ಅವನ ಕಿವಿಗೆ ಬಿತ್ತು ಕಣೋ.”

“ಕಂಚಿಗೆಲ್ಲಿ ಕಿವಿ ಅಜ್ಜಿ? ಹೋಗು, ಕೆಂಕಿ ಮುದ್ದೆ ತಿಂದು ಮಲಕ್ಕೋ.”

ಅಬಾ ಮೀನಿನ ಬುಟ್ಟಿ ತಲೆಗೇರಿಸಿಕೊಂಡು ಹೋದಳು. ಥೂ, ಅವನ ನಾಲಿಗೆಗಿಷ್ಟು! ನನಗೆ ಇವತ್ತಿಗೂ ಮೈ ಉರಿಯುತ್ತದೆ.

ಸರಿ... ರಾತ್ರಿ ಬಾವಿಯ ಹತ್ತಿರ ಬಂದ. ರಾಟೆ ಕಿರ್ರ್... ಅಂದಿತು. ಗಾಳಿ ಇರಲಿಲ್ಲ. ಹಗ್ಗ ಅಲುಗಲಿಲ್ಲ. ಆಮೇಲೆ ಕಲ್ಲಿನ ಮೇಲೆ ಟಣ್... ಟಣ್... ಹಿಂದಿನಿಂದ. ಎಜಿರ್ ನಿಂತ. ಅದೂ ನಿಂತಿತು.

“ಎಜಿರ್...” ಖಾಲಿ ಕೊಡದೊಳಗಿಂದ ಬಂದ ಹಾಗಿತ್ತು ದನಿ. “ನನ್ನ ಮಾಲು ಇದೆ ಅಂದ್ಯಲ್ಲ... ಎಲ್ಲೋ?”

“ಗೊ... ಗೊತ್ತಿಲ್ಲ ಅಜ್ಜ.”

“ಹಂಗಾದ್ರೆ ನೀನೇ ಬಾ.”

ಕತ್ತಿನ ಹಿಂದೆ ತಣ್ಣಗೆ ಏನೋ ತಾಗಿತು. ಪಂಚೆ ಒದ್ದೆಯಾಯಿತು. ಒಂದೇ ಮಾತು ಸಾಕಿತ್ತು, ‘ಅವಳು ಮನೆ ಮಗಳು, ನಾನು ಅಂದದ್ದು ತಪ್ಪು’ ಅಂತ. ಅನ್ನಲಿಲ್ಲ, ಪಾಪಿ.

“ಹಿಂದಿನ ಕೋಣೆ...” ಪಿಸುಗುಟ್ಟಿದ. “ಬಾಗಿಲ ಹತ್ತಿರದ ಚಾಪೆ.”

ಟಣ್... ಟಣ್... ಸದ್ದು ಅವನನ್ನು ದಾಟಿ ಮನೆಯ ಕಡೆ ಹೋಯಿತು. ಎಜಿರ್ ಕಿವಿ ಮುಚ್ಚಿಕೊಂಡು ಬೆಳಗಾಗುವವರೆಗೆ ಬಾವಿಕಟ್ಟೆಗೆ ಒರಗಿ ಕೂತ.

ಬೆಳಕು ಹರಿದ ಮೇಲೆ ಮನೆಗೆ ಹೋದರೆ, ಅಂಗಳದಲ್ಲಿ ಎದುರಾದವಳು ಅಬಾ!

“ಅಣ್ಣ, ಎಫುವಾ ನಿನ್ನ ಜೊತೆ ಬಂದ್ಲಾ?”

ಎಜಿರ್ ಹಿಂದಿನ ಕೋಣೆಯ ಬಾಗಿಲಿಗೆ ಓಡಿದ, ಅಬಾ ಬೆನ್ನಿಗೇ ಬಂದಳು.

“ನನ್ನ ಚಿಕ್ಕವನಿಗೆ ರಾತ್ರಿ ಕೆಮ್ಮು. ಅವನ ಹತ್ರ ಒಳಗೆ ಮಲಗಿದ್ದೆ. ‘ಚಿಕ್ಕಮ್ಮನ ಚಾಪೆ ನಂಗೆ’ ಅಂತ ಇವಳು ಹಟ ಮಾಡಿ ಅಲ್ಲಿ ಮಲಗಿದ್ಲು. ಎದ್ದಾಗ ಚಿಲಕ ಹಾಕಿದ್ದು ಹಾಕಿದ ಹಾಗೇ ಇತ್ತು...”

ಬಾಗಿಲ ಪಕ್ಕದ ಗೋಡೆಗೆ ಒಂದು ಕಂಚಿನ ಊರುಗೋಲು ಒರಗಿಸಿತ್ತು. ಒಳಗೆ ಹೋಗುವ ಮುನ್ನ ಹಿರಿಯರು ಇಡುವ ಹಾಗೆ.

ನಾಲ್ಕು ಜನ ಅದನ್ನು ಹೊತ್ತು ಪ್ರತಿಮೆಯ ಹತ್ತಿರ ಒಯ್ದೆವು. ಹೌದು, ಒಯ್ದವರಲ್ಲಿ ನಾನೂ ಒಬ್ಬ. ಕೋಲು ಸಿಕ್ಕಿಸಲು ಆಗಲಿಲ್ಲ. ಬಲಗೈ ಬಿಗಿಯಾಗಿ ಮುಚ್ಚಿತ್ತು. ಕಿರುಬೆರಳ ಕೆಳಗೆ ಎರಡು ನೀಲಿ ಮಣಿ ನೇತಾಡುತ್ತಿದ್ದವು, ಎಫುವಾಳ ಸೊಂಟದ ಮಣಿ. ಎಜಿರ್ ಒಂದಲ್ಲ, ಏಳು ಕುರಿ ಕಡಿದ. ಆ ಮುಷ್ಟಿ ಬಿಚ್ಚಲಿಲ್ಲ.

ಈಗ ಮನೆ ಅಬಾಳ ಮಕ್ಕಳದು. ಎಜಿರನಿಗೆ ಎರಡು ಹೊತ್ತು ಉಣ್ಣಲು ಇಡುವವಳೂ ಅವಳೇ. ಸುಳ್ಳು ಅನ್ನುವವರು ಕೋಟೆ ಬಾವಿಗೆ ಹೋಗಿ ನೋಡಿಕೊಂಡು ಬನ್ನಿ. ಹಬ್ಬಕ್ಕೆ ಮೊದಲು ಪ್ರತಿಮೆ ಉಜ್ಜುವವರು ಆ ಎರಡು ಮಣಿ ಮುಟ್ಟುವುದಿಲ್ಲ. ನಾನೊಮ್ಮೆ ಮುಟ್ಟಿದ್ದೆ... ಬೆಚ್ಚಗಿದ್ದವು.