ಹಿಂದೆ ನಿಂತು ಓದೋನು

...ಮೂರೇ ನಿಮಿಷ ಕಣೋ! ಮೂರು ನಿಮಿಷ ಮಾತಾಡೋಕೆ ಇಷ್ಟು ಯೋಚನೆ ಮಾಡ್ತಾರಾ ಯಾರಾದ್ರೂ? ದಿನಕ್ಕೆ ಹತ್ತು ಗಂಟೆ ಸೀರಿಯಲ್ ಸೆಟ್ಟಲ್ಲಿ ನಿಂತು ಕಂಡೋರ ಮಾತೆಲ್ಲ ಓದಿ ಹೇಳೋ ಪ್ರಾಂಪ್ಟರ್ ನೀನು, ನಿನಗೆ ಮಾತಿಗೆ ಬರಾನಾ? ನಾಡಿದ್ದು ಆ ಟೀವಿ ಶೋಗೆ ಬರ್ತೀಯ, ನನ್ನ ಪಕ್ಕ ಸೋಫಾದಲ್ಲಿ ಕೂರ್ತೀಯ. 'ನಿಮ್ಮ ಸ್ನೇಹಿತರು ಮೊದಲಿಂದಲೂ ಹೀಗೇ ನಗಿಸ್ತಿದ್ರಾ?' ಅಂತ ಅವರು ಕೇಳ್ತಾರೆ. 'ಹೌದು, ಇವನು ಹುಟ್ಟು ಹಾಸ್ಯಗಾರ' ಅಂದ್ಬಿಡು. ಅಷ್ಟೇ. ಚಪ್ಪಾಳೆ ಹೊಡೀತಾರೆ, ನಾನು ನಿನ್ನ ತಬ್ಕೊಳ್ತೀನಿ, ಮುಗೀತು.

ಯಾಕೆ ನಗ್ತೀಯ?

ನಗು, ನಗು. ಈ ಅಳುಮುಂಜಿ ಹುಟ್ಟು ಹಾಸ್ಯಗಾರ ಯಾವಾಗಾದ ಅಂತ ತಾನೆ? ಆರು ವರ್ಷ ಒಂದೇ ಸೀರಿಯಲ್ಲು, ಹಿರಿಮಗನ ಪಾತ್ರ. ಬೆಳಿಗ್ಗೆ ಒಂಬತ್ತಕ್ಕೆ ಕಣ್ಣಿಗೆ ಗ್ಲಿಸರಿನ್ ಬಿದ್ರೆ ಸಂಜೆವರೆಗೂ ಅಳೋದೇ ಕೆಲಸ. ತಾಯಿ ಹಾಸಿಗೆ ಹಿಡಿದ್ರೆ ಅಳು, ಎದ್ದು ಓಡಾಡಿದ್ರೂ ಅಳು! 'ಇವರು ಬಂದ್ರೆ ಮೊದಲು ಒಂದು ಟವೆಲ್ ಕೊಡಿ' ಅಂತ ಅತ್ತಿಗೆ ಗೇಲಿ ಮಾಡ್ತಿದ್ರಲ್ಲ. ಅತ್ತಿಗೆ ಎಲ್ಲಿ? ಡ್ಯೂಟಿಗೆ ಹೋದ್ರಾ? ಒಳ್ಳೇದೇ ಆಯ್ತು... ಅಲ್ಲ, ನೋಡೋಕಾಗ್ಲಿಲ್ವಲ್ಲ ಅಂತ ಬೇಜಾರೇ, ಆದ್ರೂ...

ಕೂತ್ಕೊಳ್ಳಲ್ಲ, ಕೆಳಗೆ ಕಾರು ನಿಂತಿದೆ. ಸರಿ, ಒಂದು ನಿಮಿಷ ಕೂರ್ತೀನಿ. ಈ ಹಾಳೆಗಳು ಇವತ್ತಿನ ಸೀನಾ? ಇನ್ನೂ ಉಸಿರು ಎಳ್ಕೊಳ್ಳೋ ಕಡೆಯೆಲ್ಲ ಪೆನ್ಸಿಲ್ ಗೆರೆ ಹಾಕ್ತೀಯಾ? ಈಗಿನವರೂ ಬಾಯಿಪಾಠ ಮಾಡಲ್ವಾ? ಎಲ್ಲಿ ಮಾಡ್ತಾರೆ, ನಾವು ಮಾಡಿದ್ವಾ! ಶಾಟ್‌ಗೆ ಹತ್ತು ನಿಮಿಷ ಇದೆ ಅನ್ನೋವಾಗ ಹಾಳೆ ಬರ್ತಿತ್ತು. ನೀನು ಕ್ಯಾಮೆರಾ ಹಿಂದೆ ನಿಂತು ಒಂದೊಂದೇ ಸಾಲು ಗಟ್ಟಿಯಾಗಿ ಓದೋದು, ನಾವು ಒಪ್ಪಿಸೋದು. ಹೇಗಿದ್ರೂ ಆಮೇಲೆ ಡಬ್ಬಿಂಗಲ್ಲಿ ನಿನ್ನ ದನಿ ತೆಗೆದು ಹಾಕ್ತಿದ್ರು. ಸೆಟ್ಟಲ್ಲಿ ಎಲ್ರೂ ನಿನ್ನ ಗಿಣಿ, ಗಿಣಿ ಅಂತಿದ್ರು. ಗಿಣಿಗಳು ನಾವು ಕಣೋ!

ಅದ್ಹೇಗೆ ಓದ್ತಿದ್ದೆ ಮಾರಾಯ! ಅತ್ತೆ ಮಾತಿಗೆ ಅತ್ತೆ ದನಿ, ಡಾಕ್ಟರ್ ಮಾತಿಗೆ ಮೂಗಿನ ದನಿ. 'ಬಾಗಿಲು ಬಡಿದ ಸದ್ದು' ಅಂತ ಬರೆದಿದ್ರೆ ಅದನ್ನೂ ಓದ್ತಿದ್ದೆ, ಬಾಗಿಲಿಗೇ ಈ ಮನೆ ಸಾಕಾಗಿದೆ ಅನ್ನೋ ಥರ. ಸಾವಿನ ಸೀನಲ್ಲಿ ಕಿಸಕ್ ಅಂತ ನಕ್ಕು ನಾನು ಎಷ್ಟು ಸಲ ಬೈಸ್ಕೊಂಡಿಲ್ಲ.

ಅದೃಷ್ಟ ಅನ್ನೋದು ಯಾವಾಗ ಯಾರ ಮನೆ ಬಾಗಿಲು ತಟ್ಟುತ್ತೋ. ಆ ಹಿಂದಿ ಕಂಪನಿಯವರು ನಮ್ಮ ಸೀರಿಯಲ್ಲನ್ನ ಹಿಂದೀಲಿ ಮಾಡೋಣ ಅಂತ ಟೇಪ್ ತರಿಸ್ಕೊಂಡಿದ್ರು. ನಮ್ಮವರೋ ಅವಸರದಲ್ಲಿ ಡಬ್ಬಿಂಗ್ ಆಗದೇ ಇದ್ದ ಟೇಪನ್ನೇ ಕಳಿಸಿದ್ರು. ಅಲ್ಲಿಯ ಡೈರೆಕ್ಟರು ನೋಡಿ ಬಿದ್ದೂ ಬಿದ್ದೂ ನಕ್ರಂತೆ. ಅವರ ಕಾಮಿಡಿ ಸಿನಿಮಾಗೆ ಒಬ್ಬ ಬೇಕಾಗಿದ್ದ. ಫೋನ್ ಮಾಡಿದ್ರು, ನಾನು ಎತ್ತಿದೆ. ಅಷ್ಟೇ.

ಯಾಕೆ ಹಾಗೆ ನೋಡ್ತೀಯ? ಅಳೋ ಮುಖ ನೋಡಿದ್ರೂ ನಗು ಬರುತ್ತಪ್ಪ ಕೆಲವರಿಗೆ!

ನಿನ್ನ ಉಪಕಾರ ನಾನು ಮರೆತಿಲ್ಲ. ಖಂಡಿತ ಮರೆತಿಲ್ಲ. ಹಿಂದಿ ನನಗೆ ಕಬ್ಬಿಣದ ಕಡಲೆ, ಒಂದಕ್ಷರ ಓದೋಕೆ ಬರ್ತಿರಲಿಲ್ಲ. ಅಲ್ಲಿಗೆ ಬಂದು ಮಾಡಿ ತೋರಿಸಿ ಅಂತ ಅವರು ಎರಡು ಹಾಳೆ ಡೈಲಾಗ್ ಕಳಿಸಿದ್ರು. ಹಿಡ್ಕೊಂಡು ಎಲ್ಲಿಗೆ ಓಡಿ ಬಂದೆ? ಇಲ್ಲಿಗೇ. ನಿಮ್ಮಮ್ಮನ ಕಡೆಯವರ ಭಾಷೆ, ನಿನಗೆ ನೀರು ಕುಡಿದಷ್ಟು ಸುಲಭ. ಹನ್ನೆರಡು ದಿನ ಈ ಮೇಜಿನ ಮುಂದೆ ಕೂರಿಸ್ಕೊಂಡು ತಿದ್ದಿದೆ ನೀನು. ಎಲ್ಲಿ ಎಂಜಲು ನುಂಗಬೇಕು, ಎಲ್ಲಿ ಕತ್ತು ತಿರುಗಿಸಬೇಕು, ಎಲ್ಲಾ. 'ಉತ್ತರ ತಡವಾಗಿ ಕೊಡು. ಅರ್ಥ ಆಗಿದೆ, ಒಪ್ಕೊಳ್ಳೋಕೆ ಮಾತ್ರ ಮನಸ್ಸಿಲ್ಲ ಅನ್ನೋ ಹಾಗೆ' ಅಂತ ಹೇಳ್ಕೊಟ್ಟೆ. ಆ ತಡವೇ ಇವತ್ತು ನನ್ನ ಅನ್ನ ಕಣೋ. ಹನ್ನೊಂದು ಸಿನಿಮಾ! 'ಆ ಅರೆಗಳಿಗೆ ಇವರೊಬ್ಬರಿಗೇ ಸಾಧ್ಯ' ಅಂತ ಪೇಪರ್‌ನೋರು ಬರೆದಿದ್ರು. ಕತ್ತರಿಸಿ ಇಟ್ಟೆ, ನಿನಗೆ ಕಳಿಸ್ಬೇಕು ಅಂತ. ಕಳಿಸ್ಲಿಲ್ಲ.

ಫೋನೂ ಮಾಡ್ಲಿಲ್ಲ, ಒಪ್ಕೊಂಡೆ. ಮೊದಲ ವರ್ಷ ಎರಡು ಸಲ ಮಾಡಿದ್ದೆ. ಎರಡು ಸಲವೂ ನೀನು 'ಊಟ ಆಯ್ತಾ?' ಅಂತ ಕೇಳಿದೆ. ಆಮೇಲೆ ಮಾಡೋ ಧೈರ್ಯ ಬರ್ಲಿಲ್ಲ. ಊಟ ಆಯ್ತಾ ಅಂತ ಕೇಳ್ತಾರೇನೋ? ಬೈಬಾರ್ದಾ ನಾಲ್ಕು ಮಾತು? ನಿನ್ನ ಮಗಳ ಮದುವೆಗೆ ಶೂಟಿಂಗ್ ಇದೆ ಅಂತ ಬರ್ಲಿಲ್ವಲ್ಲ... ಶೂಟಿಂಗ್ ಇರ್ಲಿಲ್ಲ. ಹೊಸ ಅಂಗಿ ಹಾಕ್ಕೊಂಡು, ಟಿಕೆಟ್ ಜೇಬಲ್ಲಿಟ್ಕೊಂಡು ಮನೇಲೇ ಕೂತಿದ್ದೆ. ನನ್ನ ಹೆಂಡ್ತಿ 'ಹುಷಾರಿಲ್ವಾ?' ಅಂತ ಹಣೆ ಮುಟ್ಟಿ ನೋಡಿದ್ಳು.

ಬರ್ತೀನಿ ಅಂತಾದ್ರೂ ಹೇಳು, ಬರಲ್ಲ ಅಂತಾದ್ರೂ ಹೇಳು! ನಾನು ಬರ್ದೇ ಇದ್ರೂ ಆ ಚಾನೆಲ್‌ನೋರು ನಿನ್ನ ಹುಡುಕಿಕೊಂಡು ಬರೋರು. ಅವರ ಮುಂದೆ ನೀನು ಬೇರೆ ಏನಾದ್ರೂ ಅಂದ್ಬಿಟ್ರೆ... ಅಲ್ಲ, ಬೇರೆ ಏನಿದೆ ಅನ್ನೋಕೆ? ಏನೂ ಇಲ್ಲ. ಇದೆಯಾ?

...ನೋಡು. ಕುಂಬಳಕಾಯಿ ಕಳ್ಳ ಅಂದ್ರೆ ಹೆಗಲು ಮುಟ್ಟಿ ನೋಡ್ಕೊಂಡನಂತೆ. ನೀನು ಕಳ್ಳ ಅಂತನೂ ಅನ್ನಲಿಲ್ಲ, ನಾನೇ ಆಗಿನಿಂದ ಹೆಗಲು ಒರೆಸ್ಕೊಳ್ತಾ ಕೂತಿದ್ದೀನಿ.

ಅವರು ಫೋನಲ್ಲಿ ಕೇಳಿದ್ದು ನನ್ನನ್ನಲ್ಲ. ಅವರ ಆಫೀಸಲ್ಲಿ ನಮ್ಮ ಭಾಷೆ ಬರೋನು ಒಬ್ಬ ಇದ್ದ, ಸ್ಪಷ್ಟವಾಗಿ ಕೇಳಿದ. 'ಟೇಪಲ್ಲಿ ಕ್ಯಾಮೆರಾ ಹಿಂದೆ ನಿಂತು ಎಲ್ರ ಮಾತೂ ಓದ್ತಾರಲ್ಲ, ಅವರು ಯಾರು? ನಮ್ಮ ಡೈರೆಕ್ಟರಿಗೆ ಅವರೇ ಬೇಕಂತೆ.' 'ಅದು ನಾನೇ' ಅಂದೆ. ಯಾರೂ ಓದಿ ಹೇಳದೆ ನಾನಾಗಿ ಆಡಿದ ಮೊದಲ ಡೈಲಾಗು ಅದು! ನೀನು ಅಲ್ಲೇ ಮೇಕಪ್ ರೂಮಿನ ಬಾಗಿಲಾಚೆ ನಿಂತು ನೀರು ಕುಡೀತಿದ್ದೆ. ನಿನ್ನ ಬೆನ್ನು ಕಾಣಿಸ್ತಿತ್ತು. 'ಬಾರೋ, ನಿನಗೇ ಫೋನು' ಅಂದಿದ್ರೆ ಆಗ್ತಿತ್ತು. ಅನ್ನಲಿಲ್ಲ. ಅತ್ತು ಅತ್ತು ಸಾಕಾಗಿತ್ತು ಕಣೋ ನನಗೆ... ನೆಪ. ಗೊತ್ತು, ಬರೀ ನೆಪ. ಅಲ್ಲಿಗೆ ಹೋಗಿ ನೀನು ಓದಿದ ಹಾಗೇ ಓದಿದೆ. ಅವರ ಹತ್ರ ಇದ್ದ ಟೇಪಲ್ಲಿ ನನ್ನ ಸೀನೇ ಇರ್ಲಿಲ್ಲ, ನಂಬಿದ್ರು.

ಹೇಳ್ಬಿಟ್ಟೆ. ಈಗ ಎದ್ದು ಕೆನ್ನೆಗೆ ಒಂದು ಬಿಡು. ಬಿಡೋ!

ಏನೋ ಇದು? ಹದಿನಾಲ್ಕು ವರ್ಷ ಹೊಟ್ಟೇಲಿಟ್ಟು ಬೆಂದಿದ್ದನ್ನ ಹೇಳಿದ್ರೆ ನೀನು ಪೆನ್ಸಿಲ್ ಹೆರೀತಾ ಕೂತಿದ್ಯಲ್ಲ. ಹುಬ್ಬು ಕೂಡ ಏರಿಸ್ಲಿಲ್ಲ. ಮೊದಲೇ ಗೊತ್ತಿತ್ತಾ? ಯಾರು ಹೇಳಿದ್ರು? ಆ ರೂಮಲ್ಲಿ ನಾನೊಬ್ನೇ ಇದ್ದೆ. ನನ್ನ ಹೆಂಡ್ತಿಗೂ ಹೇಳಿಲ್ಲ. ಇನ್ಯಾವ ದಾರಿ ಇತ್ತು, ಅವರು ಕಳಿಸಿದ್ದು ಆ ಎರಡು ಹಾಳೆ...

ತಾಳು.

ಮೊದಲನೇ ಹಾಳೆ ಮೇಲ್ಗಡೆ ಕೈಬರಹದಲ್ಲಿ ಎರಡು ಸಾಲು ಹಿಂದಿ ಇತ್ತು. ಇದೇನು ಅಂತ ಕೇಳಿದ್ದೆ. ನೀನು ತುಂಬಾ ಹೊತ್ತು ಅದನ್ನೇ ನೋಡ್ತಾ ಇದ್ದು, 'ಅವರ ವಿಳಾಸ. ಕೆಳಗಿನಿಂದ ಶುರು ಮಾಡು' ಅಂದೆ. ವಿಳಾಸ ಅಲ್ವಾ ಅದು? ಯಾರಿಗೆ ಅಂತ ಬರೆದಿದ್ರು? ಹಿಂದೆ ನಿಂತು ಓದೋರಿಗೆ ಅಂತಾನಾ?

ಮೊದಲನೇ ದಿನ ಕಣೋ ಅದು! ಮೊದಲನೇ ದಿನವೇ ಓದಿಕೊಂಡು, ನಿನಗೆ ಬಂದ ಪಾತ್ರಾನ ಹನ್ನೆರಡು ದಿನ ಕೂತು ನನಗೆ ಹೇಳ್ಕೊಟ್ಯಾ? ದಿನಾ ಸಂಜೆ ನಾನು ಹೊರಟಾಗ ನೀನು ಮೆಟ್ಟಿಲ ತನಕ ಬರ್ತಿದ್ದೆ. 'ಇನ್ನೇನಾದ್ರೂ ಹೇಳೋದಿದ್ಯಾ?' ಅಂತ ಕೇಳ್ತಿದ್ದೆ. ಪಾಠದ ವಿಷಯ ಅಂದ್ಕೊಂಡಿದ್ನಲ್ಲೋ ನಾನು...

ಹನ್ನೆರಡು ಸಲ ಕೇಳಿದೆ ನೀನು. ಹನ್ನೆರಡು ಸಲವೂ ನಾನು 'ಏನಿಲ್ಲ' ಅಂದೆ.