ಬ್ಲೇಡಿನಲ್ಲಿ ಕೆರೆದ ಬಾಗಿಲು

ನಗೋದಿದ್ರೆ ಈಗಲೇ ನಕ್ಕುಬಿಡಿ. ಮಧ್ಯದಲ್ಲಿ ಯಾರಾದ್ರೂ ಕಿಸಕ್ಕಂದ್ರೆ ಎದ್ದು ಮಲಗೋಕೆ ಹೋಗ್ತೀನಿ, ಅಷ್ಟೇ. ಇದು ನಮ್ಮ ಅನಂತರಾಮುಗೆ ಆದದ್ದು. ಸೋದರತ್ತೆ ಮಗ. ಸುಳ್ಳು ಕಟ್ಟೋ ಬುದ್ಧಿಯೂ ಇಲ್ಲ ಅವನಿಗೆ, ಧೈರ್ಯವೂ ಇಲ್ಲ.

ಎಂಬತ್ತೆರಡನೇ ಇಸವಿ, ಕುವೈತ್. ರಾತ್ರಿ ಹತ್ತು ದಾಟಿದೆ. ಜಾಬ್ರಿಯಾದ ಅಂಚಿನಲ್ಲಿದ್ದ ಒಂದು ಸೈಟಿಂದ ಮೈದಾನ್ ಹವಲ್ಲಿಯ ರೂಮಿಗೆ ನಡ್ಕೊಂಡು ಹೊರಟಿದ್ದಾನೆ. ಸೈಟಿನ ಮೂಲೆಯಲ್ಲಿ ಹಳೇ ಬಾವಿ. ನೀರು ಬತ್ತಿ ಎಷ್ಟು ವರ್ಷ ಆಗಿತ್ತೋ, ಮೇಲೆ ಹಲಗೆ ಹಾಕಿ ಮುಚ್ಚಿದ್ರು. ಅದರ ಪಕ್ಕ ಬಂದಾಗ ಕೇಳಿಸ್ತು...

ಕಿರ್ರ್... ಕಿರ್ರ್... ಕಿರ್ರ್...

ಸ್ವಲ್ಪ ಹೊತ್ತು ಏನೂ ಇಲ್ಲ. ಆಮೇಲೆ, ಫೂ... ಅಂತ ಯಾರೋ ಪುಡಿ ಊದಿದ ಸದ್ದು.

ಬೇರೆಯವರಾಗಿದ್ರೆ ಇಲಿ ಅಂದ್ಕೊಂಡು ಹೋಗ್ತಿದ್ರು. ಅನಂತರಾಮು ನಿಂತುಬಿಟ್ಟ. ಅವನು ಡ್ರಾಫ್ಟ್ಸ್‌ಮನ್. ಹನ್ನೆರಡು ವರ್ಷದಿಂದ ದಿನಾ ಮಾಡೋ ಕೆಲಸದ ಸದ್ದು ಅದು. ಟ್ರೇಸಿಂಗ್ ಹಾಳೆ ಮೇಲೆ ಇಂಕಿನ ಗೆರೆ ತಪ್ಪಿದ್ರೆ ರಬ್ಬರಿಗೆ ಬಗ್ಗಲ್ಲ. ಶೇವಿಂಗ್ ಬ್ಲೇಡನ್ನ ಉದ್ದಕ್ಕೆ ಎರಡಾಗಿ ಮುರಿದು, ಒಂದರ್ಧದಲ್ಲಿ ಮೂರು ಸಲ ಮೆಲ್ಲಗೆ ಕೆರೀತಾರೆ. ಉಗುರಲ್ಲಿ ಉಜ್ಜಿ ನುಣುಪು ಮಾಡ್ತಾರೆ. ಪುಡಿ ಊದ್ತಾರೆ. ಆವತ್ತು ಸಂಜೆ ಆಫೀಸಿನಲ್ಲಿ ಅವನು ಹಾಗೇ ಒಂದು ಬಾಗಿಲನ್ನ ಕೆರೆದು ಬಂದಿದ್ದ.

ಯಾವ ಬಾಗಿಲು? ಹೇಳ್ತೀನಿ, ತಡೀರಿ.

ಕುವೈತಿನ ಒಬ್ಬ ದೊಡ್ಡ ವ್ಯಾಪಾರಿ ಅಮೆರಿಕದ ಯಾವುದೋ ಯೂನಿವರ್ಸಿಟಿಯಲ್ಲಿ ಓದಿದ್ದ. ಹೆಸರು ಕೇಳಬೇಡಿ, ಹೇಳಲ್ಲ. ಅಲ್ಲಿನ ಮೊಟ್ಟಮೊದಲ ಕಟ್ಟಡದ ತದ್ರೂಪು ತಾನು ಕಟ್ಟಿಸೋ ಕಾಲೇಜಿಗೆ ಬೇಕು ಅಂತ ಅವನ ಹಟ. ಕೆಂಪು ಇಟ್ಟಿಗೆ, ಕಮಾನಿನ ಕಿಟಕಿ, ನಡುವೆ ಗಡಿಯಾರದ ಗೋಪುರ. ಮರಳುಗಾಡಿನಲ್ಲಿ ಹಿಮ ಜಾರೋಕೆ ಇಳಿಜಾರು ಛಾವಣಿ ಬೇರೆ, ಕರ್ಮ! ಶರ್ಕ್‌ನಲ್ಲಿದ್ದ ಅನಂತರಾಮುವಿನ ಆಫೀಸಿಗೆ ನೂರು ವರ್ಷದ ಹಳೇ ನಕ್ಷೆಗಳು ಬಂದ್ವು, ತೆಳು ಬಟ್ಟೆ ಮೇಲೆ ಬರೆದದ್ದು. ಜೊತೆಗೆ ಯೂನಿವರ್ಸಿಟಿ ಹುಟ್ಟಿದ ಕತೆಯ ಒಂದು ಪುಸ್ತಕ. ಮರದ ವ್ಯಾಪಾರದಲ್ಲಿ ಬೆಳೆದ ಸ್ಥಾಪಕ ಕಾಡು ಕಡಿಸಿದನಂತೆ. ಒಂದೇ ವರ್ಷದಲ್ಲಿ ಕಟ್ಟಡ ಎಬ್ಬಿಸಿದನಂತೆ. ಕೊನೇ ವಾರ ಲಾಂದ್ರ ಹಚ್ಚಿಟ್ಟು ರಾತ್ರಿಯೆಲ್ಲ ಗೋಡೆ ಕಟ್ಟಿಸಿ, ಹೇಳಿದ ದಿನಕ್ಕೆ ಸರಿಯಾಗಿ ಉದ್ಘಾಟನೆ ಮಾಡಿಸಿದನಂತೆ. ಒಬ್ಬನೇ ಒಬ್ಬ ಕೆಲಸಗಾರನಿಗೂ ಏನೂ ಆಗಲಿಲ್ಲವಂತೆ. ಬರೆಸಿದವನು ಅವನೇ ಆದಮೇಲೆ ಇನ್ನೇನು ಬರೀತಾರೆ?

ನಕ್ಷೆ ಟ್ರೇಸ್ ಮಾಡೋವಾಗ ಅನಂತರಾಮುವಿನ ಬೆರಳಿಗೆ ಒಂದು ಕಡೆ ತರಿತರಿ ತಾಗಿತು. ಗೋಪುರದ ಮೆಟ್ಟಿಲ ಕೆಳಗೆ. ದೀಪಕ್ಕೆ ಹಿಡಿದ. ಸಣ್ಣದೊಂದು ಬಾಗಿಲು. ಒಳಗೆ ಒಬ್ಬ ಮನುಷ್ಯ ಬಗ್ಗಿ ಕೂರೋಷ್ಟು ಜಾಗ. ಯಾರೋ ಬಾಗಿಲನ್ನ ಮಾತ್ರ ಕೆರೆದು ತೆಗೆದಿದ್ದಾರೆ. ಮೂಲದಲ್ಲಿದ್ದ ಗೆರೆ ಬಿಡಬಾರದು ಅಂತ ಕಲಿತ ಕೈ ಅವನದು. ನೀಟಾಗಿ ವಾಪಸ್ ಎಳೆದ. ಅಳಿಸಿದ್ದು ಯಾಕೆ ಅಂತ ಒಂದು ಮಾತು ಯಾರನ್ನಾದ್ರೂ ಕೇಳಬೇಡವಾ? ಕೇಳಲಿಲ್ಲ. ಕಟ್ಟಡ ಆ ಬಾಗಿಲಿನ ಸಮೇತ ಎದ್ದಿತು.

ಉದ್ಘಾಟನೆಯ ಹಿಂದಿನ ದಿನ ಚೀಫ್ ಇಂಜಿನಿಯರ್ ಅಮೆರಿಕದ ಹಳೇ ಫೋಟೋ ಹಿಡ್ಕೊಂಡು ಬಂದ. ಫೋಟೋದಲ್ಲಿ ಬಾಗಿಲಿಲ್ಲ.

"ಇದು ಯಾರಪ್ಪನ ಮನೆ ಬಾಗಿಲು? ಈಗಲೇ ಅಳಿಸು. ರಾತ್ರಿಯೊಳಗೆ ಗೋಡೆ ಮುಚ್ಚಿರಬೇಕು. ಇಲ್ಲಾಂದ್ರೆ ನಿನ್ನ ಫ್ಯಾಮಿಲಿ ವೀಸಾ ಖಲಾಸ್!"

ಅಷ್ಟು ಸಾಕಾಯ್ತು. ಮದುವೆಯಾಗಿ ನಾಲ್ಕು ವರ್ಷ. ಹೆಂಡತಿ ಕಾಂತಮ್ಮನ ಜೊತೆ ಇದ್ದದ್ದು ಮೂರು ತಿಂಗಳು. ಮಗಳನ್ನ ಫೋಟೋದಲ್ಲಿ ಬಿಟ್ಟು ನೋಡಿದ್ದೇ ಇಲ್ಲ. ವೀಸಾ ಕಾಗದಕ್ಕೆ ಆ ಚೀಫ್ ಮೊದಲು ಸಹಿ ಹಾಕಬೇಕು, ಆಮೇಲೆ ಕಫೀಲ್, ಅಂದ್ರೆ ಇವನ ಜವಾಬ್ದಾರಿ ಹೊತ್ತ ಅಲ್ಲಿನ ಧಣಿ. ಅನಂತರಾಮು ಹೊಸ ಬ್ಲೇಡು ಮುರಿದ. ಒಂದರ್ಧ ಬೆಂಕಿಪೊಟ್ಟಣಕ್ಕೆ ಹಾಕಿದ. ಇನ್ನೊಂದರ್ಧದಲ್ಲಿ ಬಾಗಿಲು ಕೆರೆದು, ಅದನ್ನ ಅಂಗಿ ಜೇಬಿಗೆ ಹಾಕ್ಕೊಂಡು, ಹೊಸ ಪ್ರಿಂಟು ತಗೊಂಡು ತಾನೇ ಸೈಟಿಗೆ ಓಡಿದ. ಫೋರ್‌ಮನ್ ಹರ್ಬರ್ಟ್, ಮಂಗಳೂರಿನವನು, ನಿಂತು ಗೋಡೆ ಕಟ್ಟಿಸಿದ. ಮುಗಿದಾಗ ಅನಂತರಾಮು ಜೇಬು ಮುಟ್ಟಿ ನೋಡ್ಕೊಂಡ. ಬ್ಲೇಡು ಇರಲಿಲ್ಲ. ಎಲ್ಲೋ ಬಿತ್ತು ಅಂತ ಸುಮ್ಮನಾದ.

ಹಾಗೆ ಹೊರಟವನಿಗೆ ಬಾವಿ ಹತ್ತಿರ ಕೇಳಿಸಿದ್ದು ಅದು.

ಹಲಗೆಗೆ ಕಿವಿ ಇಟ್ಟ. ಬಾವಿಯಲ್ಲಲ್ಲ. ಹಿಂದೆ... ಗೋಪುರದ ಕಡೆಯಿಂದ. ವಾಪಸ್ ಹೋದ. ಹೊಸ ಗೋಡೆ ಮುಂದೆ ಹರ್ಬರ್ಟ್ ಟಾರ್ಚ್ ಹಿಡ್ಕೊಂಡು ಕುಕ್ಕರಗಾಲಲ್ಲಿ ಕೂತಿದ್ದ.

"ನಿಮಗೂ ಕೇಳಿತಾ?" ಅಂತ ಪಿಸುಗುಟ್ಟಿದ ಹರ್ಬರ್ಟ್.

"ಒಳಗೆ ಯಾರು?"

"ಯಾರೂ ಇಲ್ಲ ಮಾರಾಯ್ರೆ. ಬೆಳಿಗ್ಗೆ ಬಂದದ್ದು ಹದಿನಾರು ಜನ. ಹದಿನಾರೂ ಬಸ್ಸು ಹತ್ತಿದ್ದಾರೆ. ನಾನೇ ಲೆಕ್ಕ ಮಾಡಿದ್ದು."

"ಮತ್ತೆ...?"

"ಆ ಮೇಸ್ತ್ರಿ ಶರೀಫ್ ಒಂದು ಮಾತು ಹೇಳಿ ಹೋದ. ಕೊನೆಯ ಇಟ್ಟಿಗೆ ಕೂರ್ಲಿಲ್ಲಂತೆ. ಇವನು ದೂಡಿದ ಹಾಗೆ... ಒಳಗಿಂದ ವಾಪಸ್ ದೂಡ್ತಾ ಇತ್ತಂತೆ."

ಕಿರ್ರ್... ಕಿರ್ರ್... ಕಿರ್ರ್... ನಿಂತಿತು. ಉಗುರು ಉಜ್ಜಿದ ಸದ್ದು. ಆಮೇಲೆ, ಫೂ... ಹಸಿ ಸಿಮೆಂಟಿನ ಸಂದಿಯಿಂದ ಅನಂತರಾಮುವಿನ ಕೈಗೆ ಗಾಳಿ ತಾಗಿತು. ಬೆಚ್ಚಗಿತ್ತು.

"ಸಿಮೆಂಟು ಇನ್ನೂ ಹಸಿ ಉಂಟು. ನಾಲ್ಕು ಇಟ್ಟಿಗೆ ತೆಗೆದ್ರೆ ಆಯ್ತು. ತೆಗೆಯುವಾ?"

ಅನಂತರಾಮು ಲೆಕ್ಕ ಹಾಕಿದ. ಬೆಳಿಗ್ಗೆ ಎಂಟಕ್ಕೆ ವ್ಯಾಪಾರಿ ಬರ್ತಾನೆ, ಅಮೆರಿಕದ ಅತಿಥಿಗಳು ಬರ್ತಾರೆ. ಗಾರೆಯವರು ಹೋಗಿಯಾಗಿದೆ. ಗೋಡೆ ಒಡೆದದ್ದು ಚೀಫ್‌ನ ಕಣ್ಣಿಗೆ ಬಿದ್ರೆ...

"ಬೇಡ," ಅಂದ.

"ಯಾರಾದ್ರೂ ಇದ್ರೆ?"

"ನೀವೇ ಎಣಿಸಿದೀರಲ್ಲ. ಕಾಗದಕ್ಕೆ ಸಹಿ ಬೀಳಲಿ. ಆಮೇಲೆ ನೋಡೋಣ."

ಸದ್ದು ಪಕ್ಕನೆ ನಿಂತುಹೋಯ್ತು. ಯಾರೋ ಕಿವಿಗೊಟ್ಟು ಕೇಳಿಸ್ಕೊಂಡ ಹಾಗೆ. ಆಮೇಲೆ ಮತ್ತೆ ಶುರುವಾಯ್ತು, ಈ ಸಲ ಜೋರಾಗಿ. ಮೂರಕ್ಕೆ ನಿಲ್ಲಲಿಲ್ಲ. ಉಗುರೂ ಇಲ್ಲ, ಊದೋದೂ ಇಲ್ಲ. ಕಿರ್ಕಿರ್ಕಿರ್ಕಿರ್ ಅಂತ ಒಂದೇ ಸಮ. ಸಿಟ್ಟು ಕಣ್ರೀ ಅದು, ಶುದ್ಧ ಸಿಟ್ಟು. ಇಬ್ಬರೂ ಓಡಿದ್ರು.

ಉದ್ಘಾಟನೆ ಜೋರಾಗಿ ಆಯ್ತು. ಬ್ಯಾಂಡು, ಭಾಷಣ, ಗಡಿಯಾರದ ಗಂಟೆ. ಯಾರಿಗೂ ಏನೂ ಕೇಳಿಸಲಿಲ್ಲ. ಅನಂತರಾಮುಗೆ ಕೇಳಿಸ್ತು. ರೂಮಿನಲ್ಲಿ ದಿಂಬಿನ ಕೆಳಗೂ ಕೇಳಿಸ್ತು. ಅನ್ನ ಸೇರಲಿಲ್ಲ. ಆದ್ರೂ ಬಾಯಿ ಬಿಡಲಿಲ್ಲ, ಪಾಪಿ! ಚೀಫ್ ಸತಾಯಿಸಿ ಸತಾಯಿಸಿ ಎಂಟನೇ ದಿನ ಸಹಿ ಹಾಕಿದ. ಕಾಗದ ಕೈಗೆ ಸಿಕ್ಕ ಕೂಡಲೇ ಸದ್ದು ನಿಂತಿತು.

ಆವತ್ತೇ ಸಂಜೆ ಹರ್ಬರ್ಟನ್ನ ಕರ್ಕೊಂಡು ಹೋಗಿ ನಾಲ್ಕು ಇಟ್ಟಿಗೆ ತೆಗೆಸಿದ. ಒಳಗೆ ಯಾರೂ ಇರಲಿಲ್ಲ. ಒಂದು ಇರುವೆ ಕೂಡ ಇಲ್ಲ. ಕೊನೆಯ ಇಟ್ಟಿಗೆ ಮಾತ್ರ ಒಳಗಡೆಯಿಂದ ಸವೆದು ಬಂದಿತ್ತು. ತೂತು ಬೀಳೋದಕ್ಕೆ ಒಂದು ಹಾಳೆಯಷ್ಟು ಬಾಕಿ. ನೆಲದ ಮೇಲೆ ಕೆಂಪು ಪುಡಿ, ಪುಡಿಯಲ್ಲಿ ಬ್ಲೇಡಿನ ಚೂರು.

ಕಾಂತಮ್ಮ ಕುವೈತಿಗೆ ಹೋದಳು, ಸಂಸಾರ ಮಾಡಿದಳು, ಈಗ ಮೈಸೂರಲ್ಲೇ ಇದಾಳೆ. ಅನಂತರಾಮು ಇರೋವರೆಗೂ ಮನೆಯೊಳಗೆ ಒಂದು ಬಾಗಿಲು ಹಾಕೋಕೆ ಬಿಡಲಿಲ್ಲವಂತೆ. ಬಚ್ಚಲಿಗೂ ಪರದೆ. ನಂಬೋದಿಲ್ಲ ಅಂದ್ರೆ ಹೋಗಿ ಕೇಳಿ, ಬೆಂಕಿಪೊಟ್ಟಣ ತೆಗೆದು ತೋರಿಸ್ತಾಳೆ. ನಾನೇ ಎರಡೂ ಅರ್ಧ ಜೋಡಿಸಿ ನೋಡಿದೀನಿ. ಮುರಿದ ಅಂಚಿಗೆ ಅಂಚು ಸರಿಯಾಗಿ ಕೂರುತ್ತೆ, ಒಂದೇ ಬ್ಲೇಡು. ಒಂದರ್ಧ ಇನ್ನೂ ಹೊಸದರ ಹಾಗೆ ಇದೆ. ಇನ್ನೊಂದು... ಎಂಟೇ ದಿನದಲ್ಲಿ ದಾರದಷ್ಟು ಸವೆದಿದೆ.