ಮೇಷ್ಟ್ರ ಲ್ಯಾಟಿನ್ ಕಟ್ಟು

…ಇಲ್ಲ ಅತ್ತಿಗೆ, ಆ ಕಪಾಟಲ್ಲೂ ಇಲ್ಲ. ಧೂಳು, ಕೈ ಹಾಕ್ಬೇಡಿ. ಹೇಳಿದ್ನಲ್ಲ, ಮೇಷ್ಟ್ರ ಹಾಳೆಗಳ ಕಟ್ಟು ನೆನೆದು ಮುದ್ದೆಯಾಯ್ತು ಅಂತ. ಕಾಲೇಜಿನಲ್ಲಿ ನನ್ನ ರೂಮಿನ ಮೇಲೇ ನೀರಿನ ಪೈಪು ಒಡೀತು. ದಾರ ಕೂಡ ಬಿಚ್ಚಿರ್ಲಿಲ್ಲ ನಾನು… ಓದೋಣ, ಓದೋಣ ಅಂತಲೇ ಇದ್ದೆ. ಆಪರೇಷನ್ನಿಗೆ ಹೋಗೋ ಹಿಂದಿನ ದಿನ ನಿಮ್ಮ ಯಜಮಾನ್ರೇ ಕೈಯಾರೆ ಕೊಟ್ಟಿದ್ದು. 'ಲ್ಯಾಟಿನ್ ಪದ್ಯಗಳನ್ನ ಕನ್ನಡಕ್ಕೆ ತಂದಿದೀನಿ ಕಣೋ, ಒಂದ್ಸಲ ನೋಡು' ಅಂತ. ಅವರು ಹೋಗಿ ಹನ್ನೊಂದು ವರ್ಷ! ಕೂತ್ಕೊಳ್ಳಿ. ಆ ಕುರ್ಚಿ ಮೇಲಿನ ಪುಸ್ತಕ ಕೆಳಗಿಡಿ. ಸಾಕಾಗಿಹೋಗಿದೆ ನನಗೂ, ಈ ರಾಶಿ.

ಯಾಕೆ ನಗ್ತೀರಿ?… ಓ, ಅದಾ! ನನ್ನ ಮೊದಲನೇ ಪುಸ್ತಕ. ರೋಮಿನ ಸ್ನಾನದ ಮನೆಗಳ ಬಗ್ಗೆ. ನಗಿ, ನಗಿ. ನಾನೂರು ಪುಟ ಬರೀ ಬಿಸಿನೀರು! ಆಮೇಲೆ ಅವರ ಅಡುಗೆಮನೆ, ಅವರ ಕೋರ್ಟು ಕಚೇರಿ… ಮೇಷ್ಟ್ರು ಏನಂತಿದ್ರು ಗೊತ್ತಾ? 'ಲೋ, ನಿನಗೆ ರೋಮಿನ ಒಂದೊಂದು ಗಲ್ಲಿನೂ ಗೊತ್ತು. ಆದ್ರೆ ಆ ಗಲ್ಲೀಲಿ ಯಾರೋ ಹಾಡ್ತಿದಾರಲ್ಲ, ಅದೇ ನಿನಗೆ ಕೇಳ್ಸಲ್ಲ.' ನಿಜ ಅತ್ತಿಗೆ. ಆ ಕಿವಿ ನನಗೆ ಬರಲೇ ಇಲ್ಲ.

ಅದು ನಾಲ್ಕನೇದು. ಲ್ಯಾಟಿನ್ ಪದ್ಯಗಳ ಅನುವಾದ. ಹೌದು, ಅದಕ್ಕೇ ಬಹುಮಾನ ಬಂದಿದ್ದು. ಕಾಗದ ಬರೆದಿದ್ರಲ್ಲ ನೀವು, 'ಅವರು ಇದ್ದಿದ್ರೆ ಕುಣಿದಾಡಿಬಿಡ್ತಿದ್ರು' ಅಂತ… ಉತ್ತರ ಬರೀಲಿಲ್ಲ ನಾನು. ಬಿಡುವಿರ್ಲಿಲ್ಲ… ಇಲ್ಲಿ ಕೊಡಿ. ಕನ್ನಡಕ ಇಲ್ದೆ ಏನು ಓದ್ತೀರಿ… ಅತ್ತಿಗೆ?

ಯಾವ ಪದ? ಬೆರಳು ತೆಗೀರಿ, ಕಾಣ್ತಿಲ್ಲ. …ನಿದ್ದೆಮರಿ. ಹ್ಞಾಂ, ಅದು… ಲ್ಯಾಟಿನ್ನಲ್ಲಿ ಒಂದು ರೂಢಿ ಇದೆ, ಪದಕ್ಕೊಂದು ಬಾಲ ಅಂಟಿಸಿ ಪುಟ್ಟದು, ಮುದ್ದಿನದು ಅಂತ ಮಾಡೋದು. ಪುಟ್ಟ ಹೂವು, ಪುಟ್ಟ ಪುಸ್ತಕ. ಇಲ್ಲಿ ಪುಟ್ಟ ನಿದ್ದೆ. ಕನ್ನಡದಲ್ಲಿ ಎಲ್ಲಿಂದ ತರೋದು? ತಲೆ ಕೆಡಿಸ್ಕೊಂಡೆ, ತಿಂಗಳುಗಟ್ಟಲೆ! ಕೊನೆಗೆ ಹೊಳೀತು. ನಾಯಿಮರಿ, ಕುರಿಮರಿ ಇದ್ದ ಹಾಗೆ ನಿದ್ದೆಮರಿ. ಓದಿದವರೆಲ್ಲ ಅದೊಂದು ಪದಾನೇ ಹಿಡ್ಕೊಂಡು ಹೊಗಳಿದ್ದೂ ಹೊಗಳಿದ್ದೇ…

ಏನಾಯ್ತು? ನೀರು ಕೊಡ್ಲಾ? ಯಾಕೆ ಹಾಗೆ ನೋಡ್ತೀರಿ? ಪದ ಏನು ಯಾರಪ್ಪನ ಮನೆ ಆಸ್ತೀನಾ… ಯಾರಿಗೆ ಬೇಕಾದ್ರೂ ಹೊಳೀಬಹುದು. ನನಗೂ ಹೊಳೀಬಹುದು. ಅಲ್ವಾ?… ಅಲ್ವಾ ಅತ್ತಿಗೆ?

ಬೈಯಿರಿ ಬೇಕಾದ್ರೆ. ಪುಸ್ತಕ ಮುಖಕ್ಕೆ ಎಸೀರಿ. ನಿಮ್ಮ ಮಗಳು… ಐದು ವರ್ಷದ ಮಗು. ನಾನೂ ಎತ್ತಿ ಆಡಿಸಿದ್ದೆ ಅವಳನ್ನ. ಜ್ವರದಲ್ಲಿ ಹೋದ ಮೇಲೆ ಮೇಷ್ಟ್ರು ಅವಳ ಹೆಸರೇ ಎತ್ತಲಿಲ್ಲ, ನೀವೂ ಎತ್ತಲಿಲ್ಲ. ಅವರು ಮರೆತೇಬಿಟ್ರು ಅಂತ ನೀವು ಅಂದ್ಕೊಂಡಿದ್ರೇನೋ… ಮರೆತಿರ್ಲಿಲ್ಲ. ಅವರ ಕಟ್ಟಿನಲ್ಲಿ, ನಿದ್ದೆಮರಿ ಇದ್ದ ಹಾಳೆಯ ಅಂಚಿನಲ್ಲಿ, ಪೆನ್ಸಿಲಲ್ಲಿ, ಸಣ್ಣಗೆ ಬರ್ದಿದ್ರು. 'ಇದು ಮಗಳ ಮಾತು. ಮುನ್ನುಡಿಯಲ್ಲಿ ಹೇಳಬೇಕು.'

ಅಳಿಸಿಬಿಟ್ಟೆ, ಅತ್ತಿಗೆ. ರಬ್ಬರಿನ ಪುಡಿ ಊದಿ, ಹಾಳೆಯನ್ನ ಅಚ್ಚಿಗೆ ಕಳಿಸಿದೆ.